ನಾಡಿದ್ದಿಗೊಂದು ಇಂಗ್ಲಿಷ್ ಕ್ರಿಯಾಪದ

ನಾನು ದಿನಾ ಮಾಡುವ ಒಂದು ಕೆಲಸಕ್ಕೆ ಇಂಗ್ಲಿಷಿನಲ್ಲಿ ಬೇರೆಯೇ ಒಂದು ಕ್ರಿಯಾಪದ ಇದೆ ಎಂದು ಗೊತ್ತಾದಾಗ ನನಗೆ ನಲವತ್ತೆಂಟು ವರ್ಷ. ಗೊತ್ತಾದದ್ದೂ ಬೈಸಿಕೊಳ್ಳುವಾಗ.

ಕೆಸರೆಯಲ್ಲಿ ನನ್ನದೊಂದು ಹೊಲಿಗೆ ಅಂಗಡಿ. ಹೆಂಗಸರ ಬಟ್ಟೆ ಮಾತ್ರ. ಒಂದು ಮೋಟರ್ ಮಿಷನ್ನು, ಒಂದು ಕಟಿಂಗ್ ಟೇಬಲ್ಲು, ಕೂರಲು ಎರಡು ಸ್ಟೂಲು, ಗೋಡೆಯ ಮೇಲೆ ನಮ್ಮ ಮಠದ ಕ್ಯಾಲೆಂಡರು. ನಮ್ಮ ತಾತನ ಕಾಲದಲ್ಲಿ ಮನೆಯವರೆಲ್ಲ ಮಠಕ್ಕೆ ನಡೆದುಕೊಂಡು, ಬೆಲ್ಲ ಅಕ್ಕಿಯ ವ್ಯಾಪಾರ ಮಾಡಿಕೊಂಡಿದ್ದವರು. ನಾನು ಕತ್ತರಿ ಹಿಡಿದೆ. ಹಿಡಿದು ಇಪ್ಪತ್ತೆರಡು ವರ್ಷವಾಯಿತು. ನನ್ನ ಕೈ ಚೆನ್ನಾಗಿದೆ ಎಂದು ಏರಿಯಾ ಪೂರ್ತಿ ಹೇಳುತ್ತದೆ. ಬಾಯಿ ಸರಿಯಿಲ್ಲ ಎಂದೂ ಅದೇ ಏರಿಯಾ ಹೇಳುತ್ತದೆ. ಎರಡನೆಯದನ್ನು ನಾನು ಒಪ್ಪುವುದಿಲ್ಲ. ನನ್ನ ಬಾಯಿ ಸರಿಯಾಗಿಯೇ ಇದೆ, ಕೇಳುವವರ ಕಿವಿ ಸ್ವಲ್ಪ ಸೂಕ್ಷ್ಮ.

ನಮ್ಮ ಕಸುಬಿನ ಒಂದು ಗುಟ್ಟನ್ನು ಮೊದಲೇ ಹೇಳಿಬಿಡುತ್ತೇನೆ. ನೀವು ಬ್ಲೌಸ್ ಪೀಸು ತಂದು ಕೊಡುತ್ತೀರಿ. ನಾವು ಅಳತೆ ಬರೆದುಕೊಳ್ಳುತ್ತೇವೆ, ಚೀಟಿ ಚುಚ್ಚಿ ಬಟ್ಟೆಯನ್ನು ಗಂಟು ಕಟ್ಟಿ ಮೇಲಿಡುತ್ತೇವೆ, ಶುಕ್ರವಾರ ಬನ್ನಿ ಎನ್ನುತ್ತೇವೆ. ಶುಕ್ರವಾರ ನೀವು ಬಂದಾಗ ಆ ಗಂಟು ಇಟ್ಟಲ್ಲೇ ಇರುತ್ತದೆ. ಮೊದಲು ಹೇಳಿದ ತಾರೀಖು ನಮಗೆ ಒಂದು ಜರಡಿ ಇದ್ದ ಹಾಗೆ. ಎಷ್ಟೋ ಜನ ಆ ದಿನ ಬರುವುದೇ ಇಲ್ಲ, ತಿಂಗಳು ಬಿಟ್ಟು ಬರುತ್ತಾರೆ. ಬಂದವರಿಗೆ ನಿಜವಾಗಿ ಬಟ್ಟೆ ಬೇಕು ಎಂದು ಅರ್ಥ. ಅವರಿಗೆ ಮುಖ ಸಣ್ಣಗೆ ಮಾಡಿಕೊಂಡು ‘ನಾಡಿದ್ದು ಬನ್ನಿ’ ಎನ್ನುತ್ತೇವೆ. ಅವರು ಮೆಟ್ಟಿಲಿಳಿದು ಹೋದ ಮೇಲೆ ಬಟ್ಟೆಗೆ ಕತ್ತರಿ ಬೀಳುತ್ತದೆ, ಕೆಲಸ ಹೆಚ್ಚಿದ್ದರೆ ಇನ್ನೊಂದು ನಾಡಿದ್ದು ಆದ ಮೇಲೆ.

ನಾಳೆ ಎಂದು ಯಾವತ್ತೂ ಹೇಳಬಾರದು. ನಾಳೆ ಎಂದರೆ ಬಂದೇ ಬರುತ್ತಾರೆ. ಮುಂದಿನ ವಾರ ಎಂದರೆ ಅಲ್ಲೇ ಜಗಳಕ್ಕೆ ನಿಲ್ಲುತ್ತಾರೆ. ನಾಡಿದ್ದು ಎಂದರೆ ಮಾತ್ರ ಒಂದು ನಿಟ್ಟುಸಿರು ಬಿಟ್ಟು ಹೊರಟುಹೋಗುತ್ತಾರೆ. ಇದಕ್ಕೆ ಗಿರಾಕಿಗಳೂ ತಮ್ಮದೊಂದು ಉಪಾಯ ಮಾಡಿಕೊಂಡಿದ್ದರು. ಮದುವೆ ಹದಿನೈದಕ್ಕೆ ಇದ್ದರೆ ಹತ್ತಕ್ಕೆ ಎನ್ನುತ್ತಿದ್ದರು. ಅವರು ಸುಳ್ಳು ಹೇಳುತ್ತಾರೆ ಎಂದು ನನಗೆ ಗೊತ್ತು, ನಾನು ಹೇಳುತ್ತೇನೆ ಎಂದು ಅವರಿಗೆ ಗೊತ್ತು. ಕೊನೆಗೆ ಮದುವೆಯ ಹಿಂದಿನ ದಿನ ಬ್ಲೌಸು ಸಿಕ್ಕುತ್ತಿತ್ತು. ಎಲ್ಲ ಸುಸೂತ್ರವಾಗಿಯೇ ನಡೆದಿತ್ತು.

ಇದಕ್ಕೆ ತಗಾದೆ ತೆಗೆದವರು ಮಿಸ್. ಮಿಸ್ ಎಂದರೆ ಎಲ್ಲರಿಗೂ ಮಿಸ್ಸೇ. ಹೆಣ್ಣುಮಕ್ಕಳ ಹೈಸ್ಕೂಲಿನಲ್ಲಿ ಇಂಗ್ಲಿಷ್ ಪಾಠ ಹೇಳಿ ರಿಟೈರ್ ಆದವರು. ಎಪ್ಪತ್ತೆಂಟು ವರ್ಷ. ನಮ್ಮ ಏರಿಯಾದ ಚಿಕ್ಕ ಚರ್ಚಿನ ಹಿಂದಿನ ಬೀದಿಯಲ್ಲಿ ಒಬ್ಬರೇ ಇರುತ್ತಾರೆ, ಹುಡುಗಿಯಾಗಿದ್ದಾಗಿನಿಂದ ಆ ಚರ್ಚಿನ ಗಾನವೃಂದದಲ್ಲಿ ಹಾಡುತ್ತಾರೆ. ಕಾಟನ್ ಸೀರೆ, ಮುಕ್ಕಾಲು ತೋಳಿನ ಬ್ಲೌಸು, ಕೈಯಲ್ಲಿ ಯಾವಾಗಲೂ ಒಂದು ಕೊಡೆ. ಅವರು ಸುಳ್ಳು ತಾರೀಖು ಹೇಳುತ್ತಿರಲಿಲ್ಲ. ಹೇಳಿದ ದಿನ ಹೇಳಿದ ಹೊತ್ತಿಗೆ ಬಂದು ನಿಲ್ಲುತ್ತಿದ್ದರು. ಇಂಥವರಿಂದ ನಮ್ಮಂಥವರಿಗೆ ಬಹಳ ಕಷ್ಟ.

ಆ ದಿನ ಒಂದೇ ಬ್ಲೌಸಿಗೆ ಅವರು ಮೂರನೇ ಸಲ ಬಂದಿದ್ದರು. ನಾನು ಎಂದಿನಂತೆ ನಾಡಿದ್ದು ಎಂದೆ. ಮಿಸ್ ಕೊಡೆಯನ್ನು ಮಡಚಿ ಸ್ಟೂಲಿನ ಮೇಲೆ ಕೂತರು.

“ಪೆರೆಂಡಿನೇಟ್,” ಎಂದರು.

ನನಗೆ ಪಿತ್ತ ನೆತ್ತಿಗೇರಿತು. “ಬೈಯೋದಾದ್ರೆ ಕನ್ನಡದಲ್ಲೇ ಬೈದ್ಬುಡಿ ಮಿಸ್, ಅರ್ಥನಾದ್ರೂ ಆಗುತ್ತೆ,” ಎಂದೆ.

“ಬೈತಿಲ್ಲ ಕಣಮ್ಮ. ನೀನು ಮಾಡೋ ಕೆಲಸದ ಹೆಸರು ಹೇಳಿದೆ. ಪ್ರೊಕ್ರಾಸ್ಟಿನೇಟ್ ಅಂತ ಒಂದು ಕ್ರಿಯಾಪದ ಇದೆ, ಅದನ್ನ ಎಲ್ಲರೂ ಬಳಸ್ತಾರೆ. ಅದರ ಹೊಟ್ಟೆಯೊಳಗೆ ಲ್ಯಾಟಿನ್ನಿನ ನಾಳೆ ಕೂತಿದೆ. ಕೆಲಸಾನ ನಾಳೆಗೆ ತಳ್ಳೋದು ಅಂತ. ಪೆರೆಂಡಿನೇಟ್ ಅನ್ನೋದರೊಳಗೆ ಕೂತಿರೋದು ನಾಡಿದ್ದು. ಕೆಲಸಾನ ನಾಡಿದ್ದಿಗೆ ತಳ್ಳೋದು. ನಾಳೆಗಲ್ಲ, ಆಚೆ ನಾಡಿದ್ದಿಗಲ್ಲ, ಸರಿಯಾಗಿ ನಾಡಿದ್ದಿಗೆ.”

ನಾನು ಸೂಜಿಗೆ ದಾರ ಪೋಣಿಸುವುದನ್ನು ನಿಲ್ಲಿಸಿದೆ. ಇಷ್ಟು ಕರಾರುವಾಕ್ಕಾಗಿ ನನ್ನನ್ನು ಯಾರೂ ಹಿಡಿದಿರಲಿಲ್ಲ.

“ಇಂಗ್ಲಿಷ್‌ನೋರೂ ನಾಡಿದ್ದು ಬನ್ನಿ ಅಂತಿದ್ರಾ?”

“ಅಂತಿದ್ದರೋ ಇಲ್ಲವೋ. ಪುಸ್ತಕದಲ್ಲಂತೂ ಸೇರಿಸಿಕೊಂಡರು, ಆಮೇಲೆ ಬಿಟ್ಟರು. ಬಿಟ್ಟು ನೂರಾರು ವರ್ಷ ಆಯ್ತು. ಈಗ ಆ ಭಾಷೇಲಿ ನಾಡಿದ್ದು ಅನ್ನೋದಕ್ಕೂ ಒಂದು ಮಾತಿಲ್ಲ. ನಾಳೆ ಆದ ಮೇಲಿನ ದಿನ ಅಂತ ಉದ್ದಕ್ಕೆ ಹೇಳ್ತಾರೆ. ಆ ದಿನವೇ ಕೈಬಿಟ್ಟು ಹೋದ ಮೇಲೆ ಅದಕ್ಕೆ ತಳ್ಳೋದಾದರೂ ಹೇಗೆ? ನಿನ್ನ ಹತ್ತಿರ ದಿನವೂ ಇದೆ, ತಳ್ಳೋ ಅಭ್ಯಾಸವೂ ಇದೆ. ಪದ ಮಾತ್ರ ಇರಲಿಲ್ಲ. ತಗೋ, ಇಟ್ಕೋ.”

ಬ್ಲೌಸು ಸಿಕ್ಕದೆ ಹೊರಟವರು ನನಗೇ ಏನೋ ಕೊಟ್ಟು ಹೋದರು. ಮೆಟ್ಟಿಲಿಳಿಯುವಾಗ ಒಂದು ಮಂಡಿಯನ್ನು ಕೈಯಲ್ಲಿ ಹಿಡಿದುಕೊಂಡು ಇಳಿದರು. ನನಗೆ ನಾಚಿಕೆಯಾಯಿತು. ಆದರೂ ಕತ್ತರಿ ಹಾಕಿದ್ದು ಅವತ್ತಲ್ಲ, ಮಾರನೆಯ ದಿನ. ಅದನ್ನೂ ಹೇಳಬೇಕು.

ಬ್ಲೌಸು ಒಯ್ಯಲು ಬಂದ ದಿನ ಅವರು ತಮ್ಮ ದಪ್ಪ ಡಿಕ್ಷನರಿಯನ್ನು ಬಟ್ಟೆಯ ಚೀಲದಲ್ಲಿ ಹಾಕಿ ಹೊತ್ತು ತಂದರು. ಪುಟ ಬಿಡಿಸಿ ಬೆರಳಿಟ್ಟು ತೋರಿಸಿದರು. ನನ್ನ ಇಂಗ್ಲಿಷು ಬಸ್ಸಿನ ಬೋರ್ಡಿನ ತನಕ. ಆದರೂ ಅಕ್ಷರ ಕೂಡಿಸಿಕೊಂಡು ಓದಿದೆ. ಪದದ ಪಕ್ಕದಲ್ಲಿ ಎರಡು ಪುಟಾಣಿ ಗುರುತು. ಒಂದು, ಬಳಕೆ ತಪ್ಪಿದ್ದು ಎಂದು. ಇನ್ನೊಂದು, ಅಪರೂಪದ್ದು ಎಂದು. ಅರ್ಥ ಒಂದೇ ಸಾಲು. ಬೇರೆ ಪದಗಳಿಗೆಲ್ಲ ಹೇಗೆ ಬಳಸಬೇಕು ಎಂದು ಒಂದೊಂದು ವಾಕ್ಯ ಕೊಟ್ಟಿದ್ದರು. ಇದಕ್ಕೆ ಅದೂ ಇರಲಿಲ್ಲ. ಪಕ್ಕದ ಖಾಲಿ ಜಾಗದಲ್ಲಿ ಮಿಸ್ ಪೆನ್ಸಿಲಿನಲ್ಲಿ ಏನೋ ಬರೆದಿದ್ದರು.

“ಏನು ಬರ್ದಿದೀರಿ?”

“ಬಳಕೆಯ ಉದಾಹರಣೆ. ಕೆಸರೆಯ ಟೈಲರ್ ನನ್ನನ್ನು ಮೂರು ಸಲ ಪೆರೆಂಡಿನೇಟ್ ಮಾಡಿದಳು ಅಂತ.”

ನನಗೆ ಸಿಟ್ಟು ಬಂತೋ ಹೆಮ್ಮೆಯಾಯಿತೋ ಇವತ್ತಿಗೂ ಗೊತ್ತಿಲ್ಲ. ಇಂಗ್ಲಿಷ್ ಡಿಕ್ಷನರಿಯಲ್ಲಿ, ಪೆನ್ಸಿಲಿನಲ್ಲಾದರೂ ಸರಿ, ನಮ್ಮ ಮನೆತನದಿಂದ ಹೋಗಿ ಕೂತವಳು ನಾನೊಬ್ಬಳೇ. ಅವತ್ತಿನಿಂದ ಆ ಪದ ನನ್ನ ಅಂಗಡಿಯಲ್ಲಿ ಓಡಾಡತೊಡಗಿತು. ಯಾರಾದರೂ ಬೇಗ ಬೇಕು ಎಂದು ಒತ್ತಾಯ ಮಾಡಿದರೆ, “ಸುಮ್ನಿರಿ, ಇಲ್ದಿದ್ರೆ ಪೆರೆಂಡಿನೇಟ್ ಮಾಡ್ಬುಡ್ತೀನಿ,” ಎಂದು ಹೆದರಿಸುತ್ತಿದ್ದೆ. ಗಿರಾಕಿಗಳೂ ಕಲಿತರು. ಪಕ್ಕದ ಓಣಿಯ ಹೆಂಗಸೊಬ್ಬಳು, ನನ್ನ ಖಾಯಂ ಗಿರಾಕಿ, ಬಾಗಿಲಲ್ಲೇ ನಿಂತು, “ಅಕ್ಕಾ, ಇವತ್ತು ಕೊಡ್ತೀರೋ, ಪೆರಂಡಿನೋ?” ಎಂದು ಕೇಳುತ್ತಿದ್ದಳು. ಮಿಸ್ ಇದನ್ನೆಲ್ಲ ಕೇಳಿ ಮನೆಗೆ ಹೋಗಿ ಪೆನ್ಸಿಲಿನಲ್ಲಿ ಬರೆದುಕೊಳ್ಳುತ್ತಿದ್ದರು. ಇಂಗ್ಲಿಷಿನವರು ಬಿಸಾಕಿದ ಪದ ಕೆಸರೆಯಲ್ಲಿ ದಿನಕ್ಕೆ ಹತ್ತು ಸಲ ಬಳಕೆಯಾಗುತ್ತಿದೆ ಎಂದು ಅವರಿಗೆ ಬಹಳ ಖುಷಿ.

ಹೀಗೆ ನಗುನಗುತ್ತ ಒಂದು ವರ್ಷ ಕಳೆದಿರಬೇಕು. ಒಂದು ದಿನ ಚರ್ಚ್ ಸಮಿತಿಯ ಕಾರ್ಯದರ್ಶಿ ಸ್ಕೂಟರಿನಲ್ಲಿ ಬಂದು ಅಂಗಡಿಯ ಮುಂದೆ ನಿಂತರು. ಹಿಂದಿನ ಸೀಟಿನಲ್ಲಿ ಬಿಳಿ ಬಟ್ಟೆಯ ಎರಡು ದೊಡ್ಡ ಥಾನು. ಊರಿನ ಚರ್ಚುಗಳ ಗಾನವೃಂದಗಳೆಲ್ಲ ಒಂದು ಕಡೆ ಸೇರಿ ಹಾಡುವ ಕಾರ್ಯಕ್ರಮವಿದೆಯಂತೆ. ನಮ್ಮ ಚರ್ಚಿನದು ಹೆಂಗಸರ ಗಾನವೃಂದ, ಇಪ್ಪತ್ತನಾಲ್ಕು ಜನ. ಎಲ್ಲರಿಗೂ ಬಿಳಿಯ ಉದ್ದ ನಿಲುವಂಗಿ, ಕತ್ತಿಗೆ ನೀಲಿ ಪಟ್ಟಿ.

ಕಾರ್ಯದರ್ಶಿ ಒಳಗೆ ಬರದೆ ಮೆಟ್ಟಿಲ ಮೇಲೇ ನಿಂತು ಹೇಳಿದರು. “ಮೇಡಂ, ನಿಜ ಹೇಳ್ಬುಡ್ತೀನಿ, ಬೇಜಾರ್ ಮಾಡ್ಕೋಬೇಡಿ. ಸಮಿತೀಲಿ ಒಬ್ರೂ ನಿಮ್ಮ ಹೆಸರಿಗೆ ಒಪ್ಲಿಲ್ಲ. ಕೈ ಚೆನ್ನಾಗಿದೆ, ಆದ್ರೆ ಹಾಡೋ ದಿನ ನಾಡಿದ್ದು ಬನ್ನಿ ಅಂದ್ರೆ ನಾವೇನ್ ಮಾಡೋದು ಅಂದ್ರು. ಮಿಸ್ ಒಬ್ರೇ ಹಟ ಹಿಡಿದ್ರು. ಅವಳು ಸಮಯಕ್ಕೆ ಕೊಡ್ತಾಳೆ, ಕೊಡದಿದ್ರೆ ಅವತ್ತಿಂದ ನಾನು ಗಾನವೃಂದ ಬಿಡ್ತೀನಿ ಅಂತ ಎಲ್ರ ಮುಂದೆ ಹೇಳ್ಬುಟ್ರು.”

ಅರವತ್ತು ವರ್ಷದಿಂದ ಹಾಡುತ್ತಿರುವ ಹೆಂಗಸು. ಮಂಡಿ ಹೋಗಿದೆ, ಕಣ್ಣು ಮಂಜಾಗಿದೆ, ಇರುವುದು ಆ ಹಾಡೊಂದು. ಅದನ್ನು ತಂದು ನನ್ನ ಕತ್ತರಿಯ ಕೆಳಗೆ ಇಟ್ಟಿದ್ದರು. ಯಾರು ಕೇಳಿದ್ದರು ಇವರನ್ನು? ನಾನು ಕೇಳಿದ್ದೆನೇ? ಸಿಟ್ಟು, ಸಂಕಟ, ಭಯ ಮೂರೂ ಒಟ್ಟಿಗೆ ಬಂದವು.

“ಯಾವತ್ತು ಬೇಕು?” ಎಂದೆ.

“ಮುಂದಿನ ತಿಂಗಳು ಎರಡನೇ ಭಾನುವಾರ ಕಾರ್ಯಕ್ರಮ. ಶನಿವಾರ ಸಂಜೆ ನಾಲ್ಕಕ್ಕೆ ಎಲ್ಲಾ ರೆಡಿ ಇರ್ಬೇಕು.”

ಹದಿನೆಂಟು ದಿನ. ಬೇರೆ ಗಿರಾಕಿಯಾಗಿದ್ದರೆ ಅವರು ಹೇಳಿದ ತಾರೀಖಿಗೆ ನಾಲ್ಕೈದು ದಿನ ಸೇರಿಸಿಕೊಂಡು ನಿಶ್ಚಿಂತೆಯಾಗಿ ಕೂರುತ್ತಿದ್ದೆ. ಇದು ಚರ್ಚಿನ ತಾರೀಖು. ದೇವರ ಕೆಲಸದವರು ಸುಳ್ಳು ಹೇಳುತ್ತಾರೆಯೇ ಎಂದುಕೊಂಡೆ. ನನ್ನ ಬುದ್ಧಿಗೆ ಇಷ್ಟು ಬೆಂಕಿ ಹಾಕಬೇಕು.

ಆ ದಿನವೇ ಒಂದು ತೀರ್ಮಾನ ಮಾಡಿದೆ. ಇಪ್ಪತ್ತೆರಡು ವರ್ಷದಲ್ಲಿ ಮಾಡದ ಕೆಲಸವನ್ನು ಮಾಡಿದೆ. ಅಳತೆ ತೆಗೆದುಕೊಂಡ ಮೇಲೆ ಬಟ್ಟೆಯನ್ನು ಗಂಟು ಕಟ್ಟಿ ಮೇಲಿಡಲಿಲ್ಲ. ಒಂದೊಂದನ್ನೇ ಟೇಬಲ್ಲಿನ ಮೇಲೆ ಹರವಿ, ಗುರುತು ಹಾಕಿ, ಎರಡು ದಿನದಲ್ಲಿ ಇಪ್ಪತ್ತನಾಲ್ಕನ್ನೂ ಕತ್ತರಿಸಿ ಮುಗಿಸಿದೆ. ಕತ್ತರಿಸಿದ ಮೇಲೆ ಬಟ್ಟೆ ನಿಮ್ಮ ಮಾತು ಕೇಳುವುದಿಲ್ಲ, ನೀವು ಅದರ ಮಾತು ಕೇಳಬೇಕು. ಟೇಬಲ್ಲಿನ ಮೇಲಿನ ಬಿಳಿ ಬಟ್ಟೆಯ ರಾಶಿಯನ್ನು ಇನ್ನೊಮ್ಮೆ ಎಣಿಸಿ ಮಿಷನ್ನಿನ ಮುಂದೆ ಕೂತೆ.

ಮಿಸ್ಸಿನ ಅಳತೆ ತೆಗೆಯಲು ಅವರ ಮನೆಗೇ ಹೋಗಿದ್ದೆ. ಅವರ ಎಡ ಭುಜ ಬಲಕ್ಕಿಂತ ಇಳಿದಿತ್ತು. ವರ್ಷಗಟ್ಟಲೆ ನೋಟ್‌ಪುಸ್ತಕದ ಚೀಲ ಹೊತ್ತ ಭುಜ. ಸುಮ್ಮನೆ ಎಲ್ಲರಂತೆ ಹೊಲಿದರೆ ಅಂಗಿಯ ಅಂಚು ಒಂದು ಕಡೆ ಜೋತು ಬೀಳುತ್ತಿತ್ತು. ಅದನ್ನು ಲೆಕ್ಕಕ್ಕೆ ತೆಗೆದುಕೊಂಡು ಎಡಗಡೆಯನ್ನು ಬೇರೆಯಾಗಿಯೇ ಕತ್ತರಿಸಿದೆ, ಅವರಿಗೆ ಹೇಳಲಿಲ್ಲ. ಮಾತು ಕೊಟ್ಟ ವಿಷಯ ಅವರೂ ಎತ್ತಲಿಲ್ಲ, ನಾನೂ ಎತ್ತಲಿಲ್ಲ. ಆಮೇಲೆ ಅವರು ಅಂಗಡಿ ಕಡೆ ತಲೆ ಹಾಕಲೇ ಇಲ್ಲ. ಬಂದರೆ ಅವಸರ ಮಾಡಿದಂತಾಗುತ್ತದೆ ಎಂದು ಇರಬೇಕು.

ಉಳಿದ ಗಿರಾಕಿಗಳಿಗೆ ನಾನು ನಿಜ ಹೇಳಲು ಶುರು ಮಾಡಿದೆ. ಇಲ್ಲೇ ತಮಾಷೆಯಾದದ್ದು. ಪಕ್ಕದ ಓಣಿಯವಳು ನೆಂಟರ ಗೃಹಪ್ರವೇಶಕ್ಕೆಂದು ಬ್ಲೌಸ್ ಪೀಸು ತಂದಳು. “ಚರ್ಚಿನ ಕೆಲಸ ಇದೆ ಕಣಮ್ಮ. ಇಪ್ಪತ್ತು ದಿನ ನನ್ನ ಕೈಲಾಗಲ್ಲ,” ಎಂದೆ.

ಅವಳ ಮುಖ ಬಾಡಿತು. “ಇಪ್ಪತ್ತು ದಿನಾನಾ? ಅಂಗಂದ್ರೆ ಎಂಗಕ್ಕ? ಯಾವಾಗ್ಲೂ ಹೇಳೋ ಅಂಗೆ ನಾಡಿದ್ದು ಅಂದ್ಬುಡಿ.”

“ನಾಡಿದ್ದು ಅಂದ್ರೂ ಇಪ್ಪತ್ತು ದಿನಾನೇ ಆಗೋದು.”

“ಆಗ್ಲಿ. ನಾಡಿದ್ದು ಅಂದ್ರೆ ಮನಸ್ಸಿಗೆ ಸಮಾಧಾನ ಇರುತ್ತೆ.”

ನಿಜ ಹೇಳಿದ್ದಕ್ಕೆ ಆ ವಾರ ಮೂರು ಜನ ಮುನಿಸಿಕೊಂಡು ಬೇರೆ ಅಂಗಡಿಗೆ ಹೋದರು. ಇಷ್ಟು ವರ್ಷ ನಾನೊಬ್ಬಳೇ ಸುಳ್ಳಿ ಎಂದುಕೊಂಡಿದ್ದೆ. ಸುಳ್ಳನ್ನೂ ಅಳತೆ ಕೊಟ್ಟು ಹೊಲಿಸಿಕೊಳ್ಳುತ್ತಿದ್ದವರು ಇವರೇ ಎಂದು ಈಗ ಗೊತ್ತಾಯಿತು.

ಕೆಲಸ ಚೆನ್ನಾಗಿಯೇ ಸಾಗಿತು. ಬಿಳಿ ಬಟ್ಟೆಗೆ ಹಗಲ ಬೆಳಕೇ ಬೇಕು, ಹಾಗಾಗಿ ಬೆಳಿಗ್ಗೆ ಏಳಕ್ಕೇ ಶಟರ್ ಎತ್ತುತ್ತಿದ್ದೆ. ಕೊನೆಯ ವಾರದ ಮಂಗಳವಾರ, ಹದಿನೇಳು ಅಂಗಿ ಮುಗಿದಿದ್ದವು, ಏಳು ಉಳಿದಿದ್ದವು. ಆಗ ಮಿಷನ್ನು ಕೈಕೊಟ್ಟಿತು. ಮೇಲೆ ಹೊಲಿಗೆ ನೆಟ್ಟಗೆ ಬೀಳುತ್ತದೆ, ಕೆಳಗೆ ದಾರವೆಲ್ಲ ಗಂಟು ಗಂಟು. ಎಣ್ಣೆ ಬಿಟ್ಟೆ, ಸೂಜಿ ಬದಲಾಯಿಸಿದೆ, ಬೈದೆ. ಯಾವುದಕ್ಕೂ ಬಗ್ಗಲಿಲ್ಲ. ನನಗೆ ಅಳುವೇ ಬಂತು. ಆಟೋ ಕರೆದು ಮಿಷನ್ನಿನ ತಲೆಯನ್ನು ಬಿಚ್ಚಿ ಮಡಿಲಲ್ಲಿ ಮಗುವಿನಂತೆ ಇಟ್ಟುಕೊಂಡು ಉದಯಗಿರಿಗೆ ಹೋದೆ. ಅಲ್ಲೊಬ್ಬ ಹೊಲಿಗೆ ಮಿಷನ್ ರಿಪೇರಿಯವನು, ಒಳ್ಳೆಯ ಕೆಲಸಗಾರ ಎಂದು ಹೆಸರು.

ಅವನ ಅಂಗಡಿಯಲ್ಲಿ ಕಾಲಿಡಲು ಜಾಗವಿರಲಿಲ್ಲ. ಸುತ್ತಲೂ ಬಿಚ್ಚಿಟ್ಟ ಮಿಷನ್ನುಗಳು. ನಾನು ತೊಂದರೆ ಹೇಳಿದೆ. ಅವನು ತಲೆಯೆತ್ತದೆ, “ಇಟ್ಟೋಗಿ ಅಕ್ಕ. ನಾಡಿದ್ದು ಬನ್ನಿ,” ಎಂದ.

ಆ ದನಿ. ಆ ತಗ್ಗಿಸಿದ ತಲೆ. ಇಪ್ಪತ್ತೆರಡು ವರ್ಷ ನಾನು ಬೇರೆಯವರಿಗೆ ಬಡಿಸಿದ್ದನ್ನು ಒಬ್ಬ ನನ್ನ ಎಲೆಗೇ ಬಡಿಸಿದ್ದ. ನಾಡಿದ್ದು ಎಂದರೆ ಗುರುವಾರ. ಗುರುವಾರ ಬಂದರೆ ಶನಿವಾರ ಎನ್ನುತ್ತಾನೆ. ಶನಿವಾರಕ್ಕೆ ಮಿಸ್ಸಿನ ಹಾಡು ಮುಗಿದುಹೋಗುತ್ತದೆ.

ಆಮೇಲೆ ನೆನಪಾಯಿತು, ಈ ವಿದ್ಯೆಯಲ್ಲಿ ಇವನಿಗಿಂತ ನಾನು ಹಳಬಳು.

“ನೋಡಪ್ಪ,” ಎಂದೆ. “ನಾಡಿದ್ದು ನಾನು ಬರೋವರ್ಗೂ ನೀನು ಇದರ ಒಂದು ಸ್ಕ್ರೂ ಮುಟ್ಟಲ್ಲ. ಬಂದ್ಮೇಲೆ, ಅರ್ಧ ಗಂಟೆ ಕೂತ್ಕೊಳಿ ಅಕ್ಕ, ಇನ್ನೇನು ಆಗೋಯ್ತು ಅಂತೀಯ. ಅರ್ಧ ಗಂಟೇಲಿ ಮುಗ್ಸಿ ಕೊಡ್ತೀಯ. ಹೌದೋ ಅಲ್ವೋ?”

ಅವನು ತಲೆ ಎತ್ತಿದ.

“ಇವತ್ತೇ ನಾಡಿದ್ದು ಅನ್ಕೋ. ನಾನು ಎರಡನೇ ಸಲ ಬಂದಿದೀನಿ ಅನ್ಕೋ. ಅರ್ಧ ಗಂಟೆ ಕೂತ್ಕೋತೀನಿ.” ಒಂದು ಎಣ್ಣೆ ಡಬ್ಬವನ್ನು ಸರಿಸಿ ಬೆಂಚಿನ ಮೇಲೆ ಕೂತೇಬಿಟ್ಟೆ.

ಅವನು ನನ್ನನ್ನೇ ನೋಡಿದ. “ನೀವು ಟೈಲರ್ರಾ ಅಕ್ಕ?”

“ಇಪ್ಪತ್ತೆರಡು ವರ್ಷದಿಂದ.”

“ಅದಕ್ಕೇ,” ಎಂದು ನಕ್ಕು ಸ್ಕ್ರೂಡ್ರೈವರ್ ಎತ್ತಿಕೊಂಡ. ಒಳಗೆ ಯಾವುದೋ ಚೂರು ಸವೆದಿತ್ತು, ಬದಲಾಯಿಸಿದ. ಅರ್ಧ ಗಂಟೆಯೂ ಹಿಡಿಯಲಿಲ್ಲ. ಟೀ ತರಿಸಿ ಕೊಟ್ಟ. ನಾನು ಅವನಿಗೆ ಆ ಇಂಗ್ಲಿಷ್ ಪದ ಹೇಳಿಕೊಟ್ಟು ಬಂದೆ. ಅವನು ಎರಡು ಸಲ ಬಾಯಲ್ಲಿ ಹೇಳಿ ನೋಡಿಕೊಂಡ.

ಶುಕ್ರವಾರ ಮಧ್ಯಾಹ್ನ ಇಪ್ಪತ್ತನಾಲ್ಕನೆಯ ಅಂಗಿಯ ಕೊನೆಯ ದಾರ ಕತ್ತರಿಸಿದೆ. ಸಂಜೆಯೊಳಗೆ ಎಲ್ಲಕ್ಕೂ ಇಸ್ತ್ರಿ ಆಯಿತು. ಶನಿವಾರ ಸಂಜೆ ನಾಲ್ಕಕ್ಕೆ ಎಂದಿದ್ದರು. ನಾನು ಬೆಳಿಗ್ಗೆ ಹತ್ತಕ್ಕೇ ಆಟೋದಲ್ಲಿ ಎಲ್ಲವನ್ನೂ ಪೇರಿಸಿಕೊಂಡು, ಒಳ್ಳೆಯ ಸೀರೆ ಉಟ್ಟು, ಚರ್ಚಿನ ಕಾಂಪೌಂಡಿಗೆ ಹೋದೆ. ಬ್ಯಾಂಡ್‌ಸೆಟ್ ಕರೆಸಿಕೊಳ್ಳಲಿಲ್ಲ, ಅದೊಂದು ಬಾಕಿ. ನನಗೆ ಅಷ್ಟು ಹೆಮ್ಮೆಯಾಗಿತ್ತು.

ಗಾನವೃಂದದವರು ಅಭ್ಯಾಸ ಮಾಡುವ ಹಾಲ್‌ಗೆ ಬೀಗ. ಅಂಗಳದಲ್ಲಿ ಒಂದು ನರಪಿಳ್ಳೆ ಇಲ್ಲ. ಶಾಮಿಯಾನ ಇಲ್ಲ, ಕುರ್ಚಿ ಇಲ್ಲ. ನಾಳೆ ಕಾರ್ಯಕ್ರಮ ಇರುವವರು ಹೀಗಿರುತ್ತಾರೆಯೇ ಎಂದುಕೊಳ್ಳುತ್ತಿರುವಾಗ ಕಾರ್ಯದರ್ಶಿ ಸ್ಕೂಟರಿನಲ್ಲಿ ತರಕಾರಿ ಚೀಲ ನೇತುಹಾಕಿಕೊಂಡು ಆ ದಾರಿಯಲ್ಲಿ ಬಂದರು. ನನ್ನನ್ನು ನೋಡಿ, ಆಟೋದೊಳಗಿನ ಬಿಳಿ ರಾಶಿಯನ್ನು ನೋಡಿ ಸ್ಕೂಟರ್ ನಿಲ್ಲಿಸಿದರು.

“ತಗೊಳ್ಳಿ. ಇಪ್ಪತ್ತನಾಲ್ಕೂ ಇದೆ, ಎಣಿಸ್ಕೊಳ್ಳಿ,” ಎಂದೆ.

“ಮುಗಿದ್ಬುಡ್ತಾ?”

“ನೀವೇ ತಾನೆ ಇವತ್ತು ಅಂದಿದ್ದು?”

ಅವರು ಹಾಲ್‌ನ ಬೀಗ ನೋಡಿದರು, ನನ್ನನ್ನು ನೋಡಿದರು, ಕತ್ತು ಕೆರೆದುಕೊಂಡರು. “ಬೀಗದ ಕೈ ನಮ್ಮ ವಾಚ್‌ಮನ್ ಹತ್ರ ಇದೆ ಮೇಡಂ. ಅವನು ಊರಿಗೆ ಹೋಗಿದಾನೆ, ಸೋಮವಾರ ಬರ್ತಾನೆ. ನೀವೊಂದು ಕೆಲಸ ಮಾಡಿ.” ಅಷ್ಟು ಹೇಳಿ ನಿಲ್ಲಿಸಿದರು. ಬೇರೆ ದಾರಿಯಿಲ್ಲದೆ ಮೆಲ್ಲಗೆ ಹೇಳಿದರು. “ನಾಡಿದ್ದು ಬನ್ನಿ.”

ನನಗೆ ಮೊದಲು ಕೇಳಿಸಲಿಲ್ಲ. ಕೇಳಿಸಿದ ಮೇಲೆ ನಂಬಿಕೆ ಬರಲಿಲ್ಲ.

“ಕಾರ್ಯಕ್ರಮ ನಾಳೆ ಅಲ್ವಾ?”

“ಮೂರನೇ ಭಾನುವಾರ ಮೇಡಂ. ಇನ್ನೂ ಎಂಟು ದಿನ ಇದೆ. ನಿಮಗೆ ಒಂದು ವಾರ ಮುಂಚೆ ಹೇಳಿದ್ವಿ. ಎಲ್ರೂ ನಿಮಗೆ ಅಂಗೇ ಅಲ್ವಾ ಹೇಳೋದು? ನಿಮಗೆ ಇಂಗೆ ಹೇಳಿದ್ದು ಮಿಸ್‌ಗೂ ಗೊತ್ತಿಲ್ಲ. ಗೊತ್ತಾದ್ರೆ ಅವ್ರು ನಿಮಗೆ ಹೇಳ್ಬುಡ್ತಾರೆ ಅಂತ ಮುಚ್ಚಿಟ್ವಿ.”

ನನ್ನ ಬಾಯಿಯ ಬಗ್ಗೆ ಏರಿಯಾದಲ್ಲಿ ಒಂದು ಅಭಿಪ್ರಾಯ ಇದೆ ಎಂದು ಮೊದಲೇ ಹೇಳಿದ್ದೇನೆ. ಆ ಹತ್ತು ನಿಮಿಷದಲ್ಲಿ ಆ ಅಭಿಪ್ರಾಯಕ್ಕೆ ಬೇಕಾದ ಸಾಕ್ಷಿಯನ್ನೆಲ್ಲ ನಾನೇ ಒದಗಿಸಿದೆ. ಮುನಿಸಿಕೊಂಡು ಹೋದ ಮೂರು ಗಿರಾಕಿಗಳನ್ನು ಹೇಳಿದೆ, ಮಿಷನ್ನಿನ ತಲೆ ಹೊತ್ತು ಉದಯಗಿರಿಗೆ ಹೋದದ್ದನ್ನು ಹೇಳಿದೆ, ದೇವಸ್ಥಾನವಾಗಲಿ ಚರ್ಚಾಗಲಿ ತಾರೀಖು ಒಂದೇ ಇರಬೇಕು ಎಂದು ಹೇಳಿದೆ. ಕಾರ್ಯದರ್ಶಿ ತಲೆ ತಗ್ಗಿಸಿ ನಿಂತು ಪೂರ್ತಿ ಕೇಳಿದರು. ಆಟೋದವನೂ ಎಂಜಿನ್ ಆಫ್ ಮಾಡಿ ಕೇಳಿದ. ಹೇಳುತ್ತ ಹೇಳುತ್ತ ನನಗೇ ನಗು ಬಂದುಬಿಟ್ಟಿತು. ಇಡೀ ಏರಿಯಾಕ್ಕೆ ನಾಡಿದ್ದು ಹೇಳಿದವಳು ಎಂಟು ದಿನ ಮುಂಚೆ ಬಂದು ನಿಂತಿದ್ದೇನೆ, ಬಾಗಿಲು ತೆಗೆಯಲಾಗದೆ ಅವರು ನನಗೆ ನಾಡಿದ್ದು ಹೇಳುತ್ತಿದ್ದಾರೆ. ಇದಕ್ಕಿಂತ ದೊಡ್ಡ ಗೆಲುವು ಇನ್ನೇನು ಬೇಕು?

ಬಟ್ಟೆಗಳನ್ನು ಮಿಸ್ಸಿನ ಮನೆಯಲ್ಲಿ ಇಡುವುದೆಂದಾಯಿತು. ಹಿಂದಿನ ಬೀದಿಯೇ. ಬಾಗಿಲು ತೆರೆದ ಮಿಸ್ ಒಂದೊಂದಾಗಿ ಒಳಗೆ ಬರುತ್ತಿದ್ದ ಬಿಳಿ ಅಂಗಿಗಳನ್ನು ನೋಡಿ ಗೋಡೆ ಹಿಡಿದು ನಿಂತರು. ನಾನು ನಡೆದದ್ದನ್ನೆಲ್ಲ ಹೇಳಿದೆ. ಅವರು ನಗಲಿಲ್ಲ. ಕಣ್ಣಲ್ಲಿ ನೀರು ತುಂಬಿಕೊಂಡರು.

ಅವರ ಮೇಜಿನ ಮೇಲೆ ಅದೇ ಡಿಕ್ಷನರಿ. ಅದರ ಕೆಳಗಿನಿಂದ ಒಂದು ಲಕೋಟೆಯ ತುದಿ ಕಾಣುತ್ತಿತ್ತು. ಮೇಲೆ ಕನ್ನಡದಲ್ಲಿ, ಚರ್ಚ್ ಸಮಿತಿಯ ಕಾರ್ಯದರ್ಶಿಯವರಿಗೆ ಎಂದು ಬರೆದಿತ್ತು. ಗಾನವೃಂದ ಬಿಡುವ ಪತ್ರ, ಏನೆಂದು ಕೇಳಬೇಕಾಗಿರಲಿಲ್ಲ.

“ನನ್ನ ಮೇಲೆ ನಂಬಿಕೆ ಇರ್ಲಿಲ್ವಾ ಮಿಸ್?” ಎಂದೆ.

“ನಂಬಿಕೆ ಇತ್ತು ಕಣಮ್ಮ. ಭಯವೂ ಇತ್ತು. ಎರಡೂ ಒಟ್ಟಿಗೇ ಇರುತ್ತೆ.” ಲಕೋಟೆಯನ್ನು ಎಳೆದು ನಾಲ್ಕು ಚೂರು ಮಾಡಿ ಕಸದ ಬುಟ್ಟಿಗೆ ಹಾಕಿದರು. ಆಮೇಲೆ ಕನ್ನಡಕ ಹಾಕಿಕೊಂಡು ಡಿಕ್ಷನರಿ ತೆರೆದು ಪೆನ್ಸಿಲಿನಲ್ಲಿ ಬರೆದರು. ಬರೆದದ್ದನ್ನು ನನಗೆ ಓದಿ ಹೇಳಿದರು. “ಇವತ್ತು ಚರ್ಚಿನ ಕಾರ್ಯದರ್ಶಿ ಟೈಲರ್‌ನ ಪೆರೆಂಡಿನೇಟ್ ಮಾಡಿದರು.”

ನಿಮ್ಮ ಅಂಗಿ ಹಾಕಿಕೊಂಡು ತೋರಿಸಿ ಎಂದೆ. ಅಲಮಾರಿನ ಕನ್ನಡಿಯ ಮುಂದೆ ನಿಂತು ಹಾಕಿಕೊಂಡರು. ಅಂಚು ಸುತ್ತಲೂ ಒಂದೇ ಸಮ, ಪಾದದಿಂದ ನಾಲ್ಕು ಬೆರಳು ಮೇಲೆ. ಮಿಸ್ ಎಡಗಡೆ ತಿರುಗಿದರು, ಬಲಗಡೆ ತಿರುಗಿದರು. ಕೈಯಿಂದ ತಮ್ಮ ಎಡ ಭುಜವನ್ನು ಮುಟ್ಟಿ ನೋಡಿಕೊಂಡರು.

“ಜೋತು ಬಿದ್ದಿಲ್ಲವಲ್ಲ,” ಎಂದರು.

“ಯಾಕೆ ಬೀಳುತ್ತೆ?” ಎಂದೆ.

ಮೂರನೆಯ ಭಾನುವಾರ ನಾನೂ ಹೋದೆ. ದೊಡ್ಡ ಹಾಲ್, ಹಲವು ಚರ್ಚುಗಳ ಜನ. ಹಿಂದಿನ ಸಾಲಿನಲ್ಲಿ ವಿಭೂತಿ ಹಚ್ಚಿಕೊಂಡವಳು ನಾನೊಬ್ಬಳೇ ಕೂತಿದ್ದೆ. ನಮ್ಮವರು ವೇದಿಕೆ ಹತ್ತಿದಾಗ ಹಾಡಿಗಿಂತ ಮೊದಲು ನಾನು ನೋಡಿದ್ದು ಅಂಚುಗಳನ್ನು. ಇಪ್ಪತ್ತನಾಲ್ಕೂ ದಾರ ಎಳೆದಂತೆ ಒಂದೇ ಗೆರೆಯಲ್ಲಿದ್ದವು. ಮುಂದಿನ ಸಾಲಿನ ನಡುವೆ ಮಿಸ್. ಮಂಡಿ ನೋವಿನವರು ಹಾಡು ಮುಗಿಯುವ ತನಕ ಕೋಲಿನ ಹಾಗೆ ನೆಟ್ಟಗೆ ನಿಂತಿದ್ದರು. ಅವರ ದನಿ ಬೇರೆಯಾಗಿ ನನಗೆ ಕೇಳಿಸಲಿಲ್ಲ, ಎಲ್ಲರ ದನಿಯಲ್ಲಿ ಸೇರಿಹೋಗಿತ್ತು. ಬಾಯಿ ಆಡುವುದು ಕಾಣಿಸಿತು. ನನಗೆ ಅಷ್ಟು ಸಾಕಾಗಿತ್ತು. ಸೆರಗಿನಲ್ಲಿ ಮುಖ ಒರೆಸಿಕೊಂಡೆ.

ಕಾರ್ಯಕ್ರಮ ಮುಗಿದ ಮೇಲೆ ಬೇರೆ ಚರ್ಚಿನ ಹೆಂಗಸೊಬ್ಬರು ಮಿಸ್ಸಿನ ಅಂಗಿಯ ಅಂಚನ್ನು ಮಡಚಿ ಒಳಗಿನ ಹೊಲಿಗೆ ನೋಡಿ, ಯಾರು ಹೊಲಿದದ್ದು ಎಂದು ಕೇಳಿದರು. ಮಿಸ್ ನನ್ನ ಕಡೆ ಕೈ ತೋರಿಸಿದರು. ಆ ಹೆಂಗಸು ನನ್ನ ಬಳಿ ಬಂದು, ಅಶೋಕಪುರಂ ಕಡೆಯವರು ನಾವು, ನಮಗೂ ಹೊಲಿದುಕೊಡುತ್ತೀರಾ ಎಂದರು. ನಾನು ಬಾಯಿ ತೆರೆಯುವ ಮೊದಲೇ ಪಕ್ಕದಲ್ಲಿದ್ದ ಕಾರ್ಯದರ್ಶಿ ಮಧ್ಯೆ ಬಂದರು.

“ಧಾರಾಳವಾಗಿ ಕೊಡಿ. ಆದ್ರೆ ಒಂದು ಮಾತು. ಇವ್ರಿಗೆ ನಿಜವಾದ ತಾರೀಖೇ ಹೇಳಿ. ಹೇಳಿದ ದಿನ ತಂದ್ಬುಡ್ತಾರೆ, ಆಮೇಲೆ ನೀವು ಬೀಗದ ಕೈ ಹುಡುಕ್ಕೊಂಡು ಓಡಾಡ್ಬೇಕಾಗುತ್ತೆ.”

ಮಿಸ್ ಅದನ್ನು ಕೇಳಿಸಿಕೊಂಡರು. ಅಲ್ಲಿಂದಲೇ ನನ್ನನ್ನು ನೋಡಿ ಗಾಳಿಯಲ್ಲಿ ಪೆನ್ಸಿಲು ಹಿಡಿದು ಬರೆಯುವಂತೆ ಕೈ ಮಾಡಿದರು.

ಸೋಮವಾರ ಬೆಳಿಗ್ಗೆ ಆ ಹೆಂಗಸು ಅಷ್ಟು ದೂರದಿಂದ ಬಸ್ಸು ಹಿಡಿದು ಕೆಸರೆಗೆ ಬಂದರು. ಮೊದಲು ಕೈ ಹೇಗಿದೆ ನೋಡಬೇಕೆಂದೋ ಏನೋ ಒಂದು ಬ್ಲೌಸ್ ಪೀಸು ಮಾತ್ರ ತಂದಿದ್ದರು. ಅಳತೆ ಬರೆದುಕೊಂಡೆ. “ಯಾವಾಗ ಬರ್ಲಿ?” ಎಂದರು. ಇಪ್ಪತ್ತೆರಡು ವರ್ಷದ ಅಭ್ಯಾಸ, ನಾಲಿಗೆಯ ತುದಿಗೆ ಆ ಮಾತು ಬಂದೇ ಬಂತು. ನುಂಗಿಕೊಂಡೆ.

“ಗುರುವಾರ ನಾಲ್ಕು ಗಂಟೆಗೆ,” ಎಂದೆ.

ಅವರು ಚಪ್ಪಲಿ ಮೆಟ್ಟಿಕೊಂಡು ಮೆಟ್ಟಿಲು ಇಳಿಯುವ ಮೊದಲೇ ಬಟ್ಟೆಯನ್ನು ಟೇಬಲ್ಲಿನ ಮೇಲೆ ಹರವಿ ಕತ್ತರಿ ಹಾಕಿದೆ.